ಒಳಗೆ ಬಾ ಎನ್ನುವ ಶಾಟ್

ಜನವರಿ 9, ಮಂಗಳವಾರ. ಹಳೇಬೀಡು, ಬೆಳಿಗ್ಗೆ

ಜನರೇಟರ್ ವ್ಯಾನ್ ಇನ್ನೂ ಬಂದಿಲ್ಲ. ಲಾಡ್ಜಿನ ಕಾಫಿ ಕಲಗಚ್ಚು. ಮೇಕಪ್‌ನವನು ಇವತ್ತೂ ಶರ್ಮಿಳಾ ಮುಖಕ್ಕೆ ಮಸಿ ಮೆತ್ತಿದ್ದಾನೆ. ಒರೆಸು ಎಂದೆ. "ಕೂಲಿಯೋರು ಹಿಂಗೇ ಅಲ್ವಾ ಮೇಡಂ ಇರೋದು?" ಅಂದ. ಅದು ನನ್ನ ಅವ್ವನ ಪಾತ್ರ ಕಣಯ್ಯ. ಅವ್ವ ನನಗಿಂತ ಬೆಳ್ಳಗಿದ್ದಾಳೆ.

ಮೂರು ಕಾದಂಬರಿ ಬರೆದೆ. ಯಾರ ಬಾಗಿಲಲ್ಲೂ ಕೈಕಟ್ಟಿ ನಿಲ್ಲಲಿಲ್ಲ. ಮನೆ ಬೇಕೆಂದರೆ ಒಂದು ಸಾಲು ಬರೆದರೆ ಆಯಿತು. ಸಿನಿಮಾಕ್ಕೆ ನಿಜವಾದ ಮನೆ ಬೇಕು, ಆ ಮನೆಗೊಬ್ಬ ಯಜಮಾನ ಇರುತ್ತಾನೆ. ಅವ್ವ ದುಡಿದ ಮನೆ ಯಾವತ್ತೋ ಬಿದ್ದುಹೋಯಿತು. ಅದರ ಬದಲಿಗೆ ಮಾದಿಹಳ್ಳಿಯ ಕಲ್ಲೇಶಪ್ಪನವರ ತೊಟ್ಟಿಮನೆ. ನಮ್ಮ ನಿರ್ಮಾಪಕ ಶಶಿಧರ್‌ಗೆ ಸೋದರಮಾವ ಆಗಬೇಕು. ಶಶಿಧರ್‌ದು ಅರಸೀಕೆರೆಯಲ್ಲಿ ಕೊಬ್ಬರಿ ಮಂಡಿ. ನನ್ನ ಕಾದಂಬರಿ ಓದಿ ಅತ್ತನಂತೆ. ಅತ್ತವನೇ ಈಗ ಕ್ಲೈಮ್ಯಾಕ್ಸ್ ಬದಲಾಯಿಸಿ ಅನ್ನುತ್ತಿದ್ದಾನೆ.

ಕಾದಂಬರಿಯಲ್ಲಿ ಮುತ್ತಮ್ಮ ಹಿತ್ತಲಲ್ಲಿ ವರ್ಷಗಟ್ಟಲೆ ಕಾಯಿ ಸುಲಿಯುತ್ತಾಳೆ. ಒಳಗೆ ಕಾಲಿಡುವುದಿಲ್ಲ. ಕೊನೆಗೆ ಊರು ಬಿಡುವ ದಿನ ಹೊಸಿಲ ಮುಂದೆ ನಿಲ್ಲುತ್ತಾಳೆ. ಯಾರೂ ಕರೆಯುವುದಿಲ್ಲ. ಹೊರಟುಹೋಗುತ್ತಾಳೆ. ಶಶಿಧರ್ ಪ್ರಕಾರ ಮನೆಯೊಡತಿ ಅವಳಿಗೆ "ಒಳಗೆ ಬಾ" ಅನ್ನಬೇಕು. "ಜನ ಸಮಾಧಾನವಾಗಿ ಎದ್ದು ಹೋಗ್ಬೇಕು ಮೇಡಂ." ಯಾರ ಸಮಾಧಾನ? ಆಗಲ್ಲ ಅಂದೆ.

ಜನವರಿ 11, ಗುರುವಾರ

ಇವತ್ತು ಅವ್ವ ಬಂದಿದ್ದಳು. ಶೂಟಿಂಗ್ ನೋಡಬೇಕು ಅಂತ ತಿಂಗಳಿಂದ ಪೀಡಿಸುತ್ತಿದ್ದಳು. ಶಶಿಧರ್ ಕಾರು ಕಳಿಸಿದ್ದ. ಮೈಸೂರು ಸಿಲ್ಕ್ ಸೀರೆ, ಕೈಗೆ ವಾಚು, ಕನ್ನಡಕ. ಹಾಸ್ಟೆಲ್ ಅಡುಗೆಯವಳಾಗಿ ರಿಟೈರ್ ಆದವಳು ಅಂತ ಯಾರೂ ಹೇಳಲಾರರು.

ಕಲ್ಲೇಶಪ್ಪನವರ ಹೆಂಡತಿ ಶಿವಗಂಗಮ್ಮ ಶಶಿಧರ್ ಕಾರು ನೋಡಿ ನೆಂಟರು ಅಂದುಕೊಂಡರು. "ಬನ್ರವ್ವ, ಹೊರಗ್ಯಾಕೆ ನಿಂತ್ರಿ, ಒಳಗ್ ಬನ್ನಿ" ಎಂದು ಕೈ ಹಿಡಿದು ಅಡುಗೆಮನೆಗೇ ಕರೆದುಕೊಂಡು ಹೋದರು. ಸ್ಟೀಲ್ ಲೋಟದಲ್ಲಿ ಕಾಫಿ. ಇತ್ತ ಮಸಿ ಮೆತ್ತಿಕೊಂಡು, ಹರಕು ಸೀರೆಯಲ್ಲಿ ಜಗಲಿ ಮೇಲೆ ಕೂತಿದ್ದ ಶರ್ಮಿಳಾಗೆ ಪೇಪರ್ ಕಪ್ಪು. ಅವಳೋ ಬಸವನಗುಡಿಯ ಮಡಿವಂತರ ಮನೆಯ ಹುಡುಗಿ. ಹೊಟ್ಟೆ ಹುಣ್ಣಾಗುವಂತೆ ನಕ್ಕೆ.

ನಗು ಹೆಚ್ಚು ಹೊತ್ತು ಉಳಿಯಲಿಲ್ಲ. "ನಿಮ್ದು ಯಾರ ಪೈಕಿ?" ಎಂದು ಕೇಳಿದ್ದಾರೆ. ಅವ್ವನಿಗೆ ಸುಳ್ಳು ಬರುವುದಿಲ್ಲ. "ಇದು ನಂದೇ ಕತೆ ಕಣವ್ವ. ನಾನೇ ಮುತ್ತಮ್ಮ. ಸಿನಿಮಾ ತೆಗೀತಿರೋ ಇಂದು ನನ್ ಮಗಳು." ಆ ಹೆಂಗಸು ಎದ್ದು ಹೋಗಿದ್ದಾರೆ. ಅಲ್ಲಿಯವರೆಗೆ ನಾನೂ ಯಾರೆಂದು ಅವರಿಗೆ ಗೊತ್ತಿರಲಿಲ್ಲ. ಶಶಿಧರ್ ಹೇಳಿರಲಿಲ್ಲ! ನಾನು ಬರೀ "ಲೆಕ್ಚರರ್ ಮೇಡಂ" ಆಗಿದ್ದೆ.

ಅವ್ವ ಕಾಫಿ ಪೂರ್ತಿ ಕುಡಿದು, ಲೋಟ ತಾನೇ ತೊಳೆದು, ಬೋರಲು ಹಾಕಿ ಬಂದಳಂತೆ. ಯಾಕೆ ತೊಳೆದೆ ಎಂದು ರೇಗಿದೆ. "ಅಭ್ಯಾಸ ಕಣೇ" ಅಂದಳು.

ಜನವರಿ 12

ಬೆಳಿಗ್ಗೆ ಹೋದರೆ ತೊಟ್ಟಿ ಪೂರ್ತಿ ತೊಳೆದಿದೆ. ಗಂಜಲದ ವಾಸನೆ. ಅಡುಗೆಮನೆಗೆ ಬೀಗ. ಅವ್ವ ಕುಡಿದ ಲೋಟ ಕೊಟ್ಟಿಗೆಯ ಗೂಟದ ಮೇಲೆ. "ಸಂಕ್ರಾಂತಿ ಬಂತಲ್ಲ ಮೇಡಂ, ಅದಕ್ಕೆ ತೊಳ್ದವ್ರೆ," ಅಂದ ಶಶಿಧರ್. ಲೋಟಕ್ಕೂ ಸಂಕ್ರಾಂತಿಯೇನಯ್ಯಾ ಎಂದು ಕಿರುಚಿದೆ. ಇಡೀ ಯೂನಿಟ್ ನನ್ನನ್ನೇ ನೋಡಿತು. ನೋಡಲಿ.

ಇನ್ನೊಂದೇ ದಿನ ಮನೆ ಕೊಡುತ್ತಾರಂತೆ. ಷರತ್ತು ಎರಡು. ಅವ್ವ ಬರಕೂಡದು. ಕ್ಲೈಮ್ಯಾಕ್ಸ್ ಶಶಿಧರ್ ಹೇಳಿದಂತೆ ಆಗಬೇಕು. "ನಮ್ಮೋರೂ ಬದಲಾಗವ್ರೆ ಅಂತ ಜನಕ್ಕೆ ಗೊತ್ತಾಗ್ಬೇಕಲ್ವಾ?" ಗಂಜಲ ಇನ್ನೂ ಆರಿಲ್ಲ, ಅದರ ಮೇಲೆ ನಿಂತು ಹೇಳುತ್ತಾನೆ! "ನೀವು ಒಳಗ್ ಬರ್ಬೋದು ಮೇಡಂ, ನೀವು ಬೇರೆ."

ಥೂ.

ಜನವರಿ 14, ಭಾನುವಾರ. ಅರಸೀಕೆರೆ, ಮನೆ

ಮಾಡಿಯೇಬಿಟ್ಟೆ.

ಅವ್ವನನ್ನು ನಾನೇ ಕರೆದುಕೊಂಡು ಹೋದೆ. ಹಬ್ಬದ ಮುಂಚೆ ಕೊನೇ ಶಾಟ್ ನೋಡು ಬಾ ಅಂದೆ, ಅಷ್ಟೇ. ಯೂನಿಟ್ ವ್ಯಾನಿನಲ್ಲಿ ಯಾರಿಗೂ ಕಾಣದಂತೆ ಕೂರಿಸಿದ್ದೆ. ಒಡತಿಯ ಪಾತ್ರದ ಹೇಮಾಶ್ರೀ "ಒಳಗೆ ಬಾ ಮುತ್ತಮ್ಮ" ಅಂದಳು — ಧಾರಾವಾಹಿಯ ಸೊಸೆ ಅಂದಂತೆ. ಶಿವಗಂಗಮ್ಮನವರ ಹತ್ತಿರ ಹೋಗಿ ನಯವಾಗಿ ಕೇಳಿದೆ. "ಅಮ್ಮಾ, ಇವ್ರಿಗೆ ಈ ಕಡೆ ಮಾತು ಬರಲ್ಲ. ಹೊಸಿಲ ಹತ್ರ ನಿಂತು ಒಂದ್ಸಲ ಹೇಳಿ ತೋರಿಸ್ತೀರಾ?" ಖುಷಿಯಿಂದಲೇ ಬಂದರು. ಸೆರಗು ಸರಿ ಮಾಡಿಕೊಂಡರು. ಓಡಿಸು ಎಂದು ಕ್ಯಾಮೆರಾಮನ್ ಭೀಮರಾಜ್‌ಗೆ ಕಣ್ಣು ಹೊಡೆದೆ. ಆಮೇಲೆ ಶರ್ಮಿಳಾಳನ್ನು ಪಕ್ಕಕ್ಕೆ ಸರಿಸಿ ಕೂಗಿದೆ. "ಅವ್ವಾ, ಬಾ. ಇಲ್ಲಿ ನಿಂತ್ಕೋ."

ಶಿವಗಂಗಮ್ಮನವರ ಬಾಯಿ ತೆರೆಯಿತು. "ಒಳ..." ಅಷ್ಟೇ. ಮುಂದೆ ಬರಲಿಲ್ಲ. ಗುರುವಾರ ಕೈ ಹಿಡಿದು ಕರೆದ ಅದೇ ಬಾಯಿ. ಶಶಿಧರ್ ನೆಲ ನೋಡುತ್ತಿದ್ದ. ನಾನು ಕಟ್ ಅನ್ನಲಿಲ್ಲ. ಶಿವಗಂಗಮ್ಮನವರ ಹಣೆಯ ವಿಭೂತಿಯ ಮೇಲೆ ಬೆವರು ಇಳಿಯಿತು. ಆಗಲೂ ಅನ್ನಲಿಲ್ಲ. ಕಡೆಗೆ ಅವ್ವನೇ ಅಂದಳು. "ಬ್ಯಾಡ ಬಿಡವ್ವ. ಯಾಕ್ ಕಷ್ಟಪಡ್ತೀಯ." ತಿರುಗಿ ನಡೆದಳು.

ಇಪ್ಪತ್ತು ವರ್ಷ ಬರೆದರೂ ಇಂಥದ್ದೊಂದು ಪುಟ ನನ್ನಿಂದ ಆಗಿರಲಿಲ್ಲ. ಕಾರಿನಲ್ಲಿ ಬಡಬಡಿಸುತ್ತಲೇ ಇದ್ದೆ. ಜಾವಗಲ್ ದಾಟಿತು. ಆಮೇಲೆ ಅವ್ವನದು ಒಂದೇ ಮಾತು. "ಅಲ್ಲಿ ನಿಲ್ಲಿಸೋಕ್ ಮುಂಚೆ ನನ್ನ ಒಂದ್ ಮಾತು ಕೇಳ್ಬಾರ್ದಾಗಿತ್ತಾ?"

ಸಿಟ್ಟು ನೆತ್ತಿಗೇರಿತು. ಯಾರಿಗೋಸ್ಕರ ಮಾಡಿದ್ದು ನಾನು? ಅಂದೇಬಿಟ್ಟೆ. ಅವ್ವ ಕಿಟಕಿ ಇಳಿಸಿ ಹೊರಗೆ ನೋಡಿದಳು. ಇಷ್ಟು ವರ್ಷ ಬಾಯಿ ಮುಚ್ಚಿಕೊಂಡು ಬದುಕಿದವಳಿಗೆ ಈಗ ಮಗಳ ಮೇಲೆ ಮಾತ್ರ ಮಾತು!

ಫೆಬ್ರವರಿ 20, ಮಂಗಳವಾರ

ಶಶಿಧರ್ ಮತ್ತೆ ಫೋನ್. "ನಮ್ಮತ್ತೆ ಆಚೆಗೇ ಬತ್ತಿಲ್ಲ ಮೇಡಂ. ಆ ಶಾಟ್ ತೆಗೀರಿ." ಆ ಶಾಟ್ ಇಲ್ಲದಿದ್ದರೆ ಸಿನಿಮಾವೇ ಇಲ್ಲ ಎಂದು ಫೋನ್ ಕುಕ್ಕಿದೆ. ಎಡಿಟರ್ ಕೂಡ ಅದನ್ನೇ ಹೇಳಿದ್ದಾನೆ. ಹಬ್ಬದಿಂದ ಈಚೆಗೆ ಅವ್ವ ನನ್ನ ಜೊತೆ ಅನ್ನ ಸಾರಿನ ಮಾತು ಬಿಟ್ಟು ಬೇರೆ ಆಡಿಲ್ಲ. ಫೋನಿನ ಜಗಳ ಕೇಳಿಸಿಕೊಂಡು ಬಂದಳು. "ಏನದು ಅಷ್ಟೊಂದು? ತೋರ್ಸು ನಂಗೂ."

ಲ್ಯಾಪ್‌ಟಾಪ್ ತೆರೆದೆ. ಕನ್ನಡಕ ಒರೆಸಿ ಹಾಕಿಕೊಂಡಳು. ಪೂರ್ತಿ ನೋಡಿದಳು. ಇನ್ನೊಂದು ಸಲ ಹಾಕು ಅಂದಳು. ಹಾಕಿದೆ.

"ಆವಮ್ಮನ ಮಖ ಎಷ್ಟ್ ಚೆಂದ ತೆಗ್ದಿದೀಯ. ಬೆವ್ರು ಸಮೇತ ಕಾಣ್ತೈತೆ."

ಗೆದ್ದೆ ಅಂದುಕೊಂಡೆ.

"ನಾನೆಲ್ಲಿವ್ನಿ?"

ಮೂಲೆಯಲ್ಲಿ ಒಂದು ಭುಜ, ಅರ್ಧ ತುರುಬು. ಇದು ನೀನೇ ಅವ್ವ ಎಂದು ಬೆರಳಿಟ್ಟು ತೋರಿಸಿದೆ. ಸ್ವಲ್ಪ ಹೊತ್ತು ಅದನ್ನೇ ನೋಡಿದಳು. ಸಿಟ್ಟೇನೂ ಮಾಡಲಿಲ್ಲ. ಸುಮ್ಮನೆ ಕೇಳಿದಳು.

"ಆಗ ನನ್ ಮಖ ಹೆಂಗಿತ್ತು, ಇಂದೂ? ನೀನಾದ್ರೂ ನೋಡಿದ್ಯಾ?"

ನಾನು ಅವ್ವನಿಂದ ಎರಡು ಮಾರು ದೂರದಲ್ಲಿದ್ದೆ. ತಲೆ ಎತ್ತಿದ್ದರೆ ಸಾಕಿತ್ತು. ನಾನು ಮಾನಿಟರ್ ಪರದೆಯಲ್ಲಿ ಶಿವಗಂಗಮ್ಮನವರ ಮುಖ ನೋಡುತ್ತಿದ್ದೆ.