ಎಡಗಣ್ಣಿನ ನೀರು

ಅಪ್ಪಾ,

ನಿನ್ನ ಮಗಳು ಶಾಂತಾ. ನೀನಿದ್ದಾಗ ನಮ್ಮ ಮಾತೆಲ್ಲ ಫೋನಿನಲ್ಲೇ ಮುಗಿಯುತ್ತಿತ್ತು, ನಿನಗೆ ಒಂದು ಸಾಲೂ ಬರೆದವಳಲ್ಲ. ಆದರೆ ಸರದಾರನ ವಿಷಯ, ಅಣ್ಣನ ವಿಷಯ ನಿನಗೆ ಹೇಳದೆ ಹೇಗಿರಲಿ?

ನಿನ್ನನ್ನು ಮಣ್ಣು ಮಾಡಿ ಬಂದ ಮಧ್ಯಾಹ್ನ ಎಲ್ಲರೂ ಅಂಗಳದಲ್ಲಿ ಕೈಕಾಲು ತೊಳೆಯುತ್ತಿದ್ದರು. ಯಾರೋ ಕೂಗಿದರು, "ಇಲ್ನೋಡ್ರಿ, ಹೋರಿ ಅಳಾಕತ್ತೈತಿ!" ಎಲ್ಲ ದನದ ಮನೆಯತ್ತ ನುಗ್ಗಿದರು. ಸಣ್ಣ ಕರುವಿದ್ದಾಗ ತಂದು ನೀನೇ ಬೆಳೆಸಿದ ಹೋರಿ ಸರದಾರ ತಲೆ ತಗ್ಗಿಸಿ ನಿಂತಿತ್ತು. ಕಣ್ಣಿನ ನೀರು ಇಳಿದು ಬಿಳಿ ಕೆನ್ನೆಯ ಮೇಲೆ ಕಪ್ಪು ಗೆರೆ ಬಿದ್ದಿತ್ತು. ನಾಲ್ಕು ಮೊಬೈಲು ಮೇಲೆದ್ದವು. ಸಂಜೆಯೊಳಗೆ ಆ ವಿಡಿಯೊ ಬ್ಯಾಡಗಿ ದಾಟಿ, ಹಾವೇರಿ ದಾಟಿ, ರಾಣೆಬೆನ್ನೂರಿನ ನನ್ನ ಆಸ್ಪತ್ರೆಯ ನರ್ಸುಗಳ ಗ್ರೂಪಿಗೂ ಬಂತು. ಕೆಳಗೆ ಬರೆದಿತ್ತು: ಮಾಲೀಕನಿಗಾಗಿ ಕಣ್ಣೀರಿಟ್ಟ ಮೂಕಜೀವ. ಅವ್ವ ಅದನ್ನೇ ಮತ್ತೆ ಮತ್ತೆ ಹಾಕಿಸಿಕೊಂಡು ನೋಡಿ ಅತ್ತಳು. ಅಣ್ಣ ಅಳಲಿಲ್ಲ. ನಾನೂ...

ಐದನೆಯ ದಿನಕ್ಕೆ ಕಾಗಿನೆಲೆ ಕಡೆಯಿಂದೆಲ್ಲ ಜನ ಹೋರಿ ನೋಡಲು ಬರತೊಡಗಿದ್ದರು. ಅಣ್ಣ ಅವರನ್ನು ತಾನೇ ಒಳಗೆ ಕರೆದೊಯ್ಯುತ್ತಿದ್ದ. ನೀನು ಹೋದ ಮೇಲೆ ಅವನ ಮುಖದಲ್ಲಿ ಜೀವ ಕಂಡದ್ದು ಆಗ ಮಾತ್ರ. ಅವತ್ತು ನಾನು ಮೇವಿನ ಸಿವುಡು ಹಿಡಿದು ಹೋರಿಯ ಎಡಗಡೆಯಿಂದ ಹೋದೆ. ಅದು ಒಮ್ಮೆಲೇ ಹಾರಿತು. ಕೊಂಬು ನನ್ನ ಕಿವಿಯ ಪಕ್ಕದಲ್ಲೇ ಹಾದು ಮೇವು ಹಾಕುವ ಗೋದಲಿಯ ಕಲ್ಲಿಗೆ ಬಡಿಯಿತು. "ದುಃಖಾ ಸಿಟ್ಟಾಗೇತಿ ಅದಕ್ಕ," ಎಂದ ಅಣ್ಣ, "ಅಪ್ಪನ್ನ ಬಿಟ್ಟು ಯಾರನ್ನೂ ಸೇರಸವಲ್ದು." ಬಲಗಡೆಯಿಂದ ಹೋದರೆ ಸುಮ್ಮನೆ ನಿಂತಿತು. ಆಗ ನೋಡಿದೆ. ನೀರು ಇಳಿಯುತ್ತಿದ್ದುದು ಎಡಗಣ್ಣಿನಿಂದ ಮಾತ್ರ. ಆ ಕಣ್ಣು ಅರ್ಧ ಮುಚ್ಚಿತ್ತು, ಬಿಸಿಲು ಬಿದ್ದರೆ ಮುಖ ಆಚೆ ತಿರುಗಿಸುತ್ತಿತ್ತು. ದುಃಖ ಒಂದೇ ಕಣ್ಣಿನಿಂದ ಬರುತ್ತದೆಯೇ ಅಪ್ಪಾ?

ಆಗಲೇ ನನಗೆ ನಿನ್ನ ಆಸ್ಪತ್ರೆಯ ಹಾಸಿಗೆ ನೆನಪಾದದ್ದು. ಲಕ್ವ ಹೊಡೆದ ಮೇಲೆ ನಿನ್ನ ಮಾತು ನಿಂತಿತ್ತು. ಹುಬ್ಬು ಗಂಟಿಕ್ಕಿ ನನ್ನನ್ನೇ ನೋಡುತ್ತಿದ್ದೆ. ಮಕ್ಕಳನ್ನು ಬಿಟ್ಟು ಹೋಗುವ ಸಂಕಟ ಅದು ಎಂದುಕೊಂಡು ನಿನ್ನ ಹಣೆ ಸವರುತ್ತ ಕುಳಿತೆ. "ಅಪ್ಪಗ ನೋವಿಲ್ಲ, ನಮ್ಮನ್ನ ನೋಡಿ ಕರಳು ಚುರ್ ಅಂತೈತಿ ಅಷ್ಟ," ಎಂದು ಅಣ್ಣನಿಗೂ ಹೇಳಿದೆ. ಹೊದಿಕೆ ಸರಿಸಿದಾಗ ಕಂಡಿತು: ಸಲಾಯಿನ್ ಸೂಜಿ ನರದಿಂದ ಜಾರಿ ನಿನ್ನ ಕೈ ಮೊಣಕೈತನಕ ಊದಿತ್ತು. ನಾನು ಹನ್ನೊಂದು ವರ್ಷದಿಂದ ನರ್ಸು. ನೀನು ಹೇಳುತ್ತಿದ್ದುದು ಪ್ರೀತಿಯಲ್ಲ, ಕೈ ನೋಯುತ್ತಿದೆ ಎಂದು. ಎಷ್ಟು ಹೊತ್ತಿನಿಂದ ಹೇಳುತ್ತಿದ್ದೆ? ಇದನ್ನು ನಾನು ಯಾರಿಗೂ ಹೇಳಿರಲಿಲ್ಲ.

ಆ ಸಂಜೆ ಅಣ್ಣನ ಮುಂದೆ ನಿಂತು, "ದನದ ಡಾಕ್ಟರನ್ನ ಕರಸೋಣು, ಇದಕ್ಕ ಕಣ್ಣಾಗ ಏನೋ ಆಗೇತಿ," ಎಂದೆ. ಅವನ ಮುಖ ಕೆಂಪಾಯಿತು.

"ಹೋರಿ ಅತ್ತದ್ದನ್ನೂ ರೋಗಾ ಅಂತೀಯೇನ? ಅಪ್ಪಗ ಅಂತ ಅತ್ತದ್ದು ಅದೊಂದು. ಅದೂ ಬ್ಯಾಡಾ ನಿನಗ?"

"ನಾ ಅತ್ತಿಲ್ಲ ಅಂತ ಹೇಳಾಕತ್ತೀಯೇನು?"

"ನಾನರ ಎಲ್ಲಿ ಅತ್ತೇನಿ," ಎಂದು ಗೊಣಗಿ ಹೊರಗೆ ಹೋದ.

ಮರುದಿನ ಬೆಳಿಗ್ಗೆ ಅವ್ವ ಚೀರಿದ್ದು ಕೇಳಿ ಓಡಿದೆ. ಅಣ್ಣ ಸಗಣಿ ಬಾಚಲು ಎಡಗಡೆಯಿಂದ ಹೋಗಿದ್ದ. ಸರದಾರ ಅವನನ್ನು ಗೋಡೆಗೆ ಒತ್ತಿ ನಿಂತಿತ್ತು, ಕೊಂಬು ಅವನ ಎರಡೂ ಪಕ್ಕಕ್ಕೆ. ಅಣ್ಣನ ಕೈಯಲ್ಲಿ ಎತ್ತಿದ ಕೋಲು ಗೋಡೆಗೆ ತಗಲಿ ಸಪ್ಪಳ ಮಾಡುತ್ತಿತ್ತು. ಎರಡೂ ಮುಖ ನನಗೆ ಒಟ್ಟಿಗೆ ಕಂಡವು. ಅರಳಿದ ಮೂಗಿನ ಹೊಳ್ಳೆ, ಬೆಳ್ಳಗೆ ತಿರುಗಿದ ಕಣ್ಣು, ಬಿಗಿದ ಕುತ್ತಿಗೆ. ನೋಡಿದವರು ಇಬ್ಬರಿಗೂ ಸಿಟ್ಟು ಬಂದಿದೆ ಅನ್ನಬೇಕು, ಹಾಗಿತ್ತು. ಆದರೆ ಹೋರಿಯ ತೊಡೆ ನಡುಗುತ್ತಿತ್ತು ಅಪ್ಪಾ. ಅಣ್ಣನ ಕಾಲೂ. ಅದು ಅಂಜಿಕೆ, ಇಬ್ಬರಿಗೂ ಬರೀ ಅಂಜಿಕೆ.

"ಅಣ್ಣಾ, ಕೋಲು ಬಿಡು," ಎಂದೆ. "ಬಿಟ್ರ ಕೊಲ್ತೈತಿ," ಎಂದ, ಉಸಿರೇ ಇಲ್ಲದ ದನಿಯಲ್ಲಿ. "ಅದಕ್ಕ ನೀ ಕಾಣವಲ್ಲಿ. ಕೋಲಿನ ಸಪ್ಪಳಾ ಅಷ್ಟ ಕೇಳ್ತೈತಿ. ಬಿಡು." ಕೋಲು ಸಗಣಿಯ ಮೇಲೆ ಮೆತ್ತಗೆ ಬಿತ್ತು. ನಾನು ಬಲಗಡೆಯಿಂದ, ಅದರ ಕಾಣುವ ಕಣ್ಣಿನ ಮುಂದೆ, ಸರದಾರ ಸರದಾರ ಎನ್ನುತ್ತ ಒಂದೊಂದೇ ಹೆಜ್ಜೆ ಇಟ್ಟೆ. ಮೂಗುದಾರ ಕೈಗೆ ಸಿಕ್ಕಿತು. ಎಳೆಯಲಿಲ್ಲ, ಸುಮ್ಮನೆ ಹಿಡಿದು ನಿಂತೆ. ಎಷ್ಟೋ ಹೊತ್ತಿನ ಮೇಲೆ ಅದು ಒಂದು ಹೆಜ್ಜೆ ಹಿಂದೆ ಸರಿಯಿತು. ಅಣ್ಣ ಗೋಡೆಗುಂಟ ಜಾರಿ ಹೊರಗೆ ಬಂದ. ಪಕ್ಕೆ ಕಂದಿತ್ತು, ಎಲುಬು ಉಳಿದಿತ್ತು. ಅಂಗಿಯ ಗುಂಡಿ ಹಾಕಿಕೊಳ್ಳುತ್ತ, "ಕರಸು ಡಾಕ್ಟರನ್ನ," ಎಂದ.

ಬ್ಯಾಡಗಿಯಿಂದ ಬಂದ ಡಾಕ್ಟರು ವಯಸ್ಸಿನಲ್ಲಿ ನನಗಿಂತ ಚಿಕ್ಕವಳು. ನಾಲ್ಕು ಮಂದಿ ಹೋರಿಯನ್ನು ಕಂಬಕ್ಕೆ ಬಿಗಿದರು. ಆಕೆ ಕಣ್ಣಿಗೆ ಔಷಧದ ಹನಿ ಹಾಕಿ, ರೆಪ್ಪೆ ಬಿಡಿಸಿ, ಚಿಮಟಿಗೆಯಿಂದ ಬಿಳಿ ದಾರದಂಥ ಹುಳ ಒಂದೊಂದೇ ಎಳೆದಳು. ಏಳು. ಕಣ್ಣಿನ ಮೇಲೆ ಹಾಲಿನಂಥ ಪೊರೆ ಕಟ್ಟತೊಡಗಿತ್ತು. "ಇನ್ನ ಸ್ವಲ್ಪ ದಿನ ಬಿಟ್ಟಿದ್ರ ಕಣ್ಣ ಹೋಗ್ತಿತ್ರಿ."

ಅಣ್ಣ ತಟ್ಟೆಯಲ್ಲಿ ಹೊರಳುತ್ತಿದ್ದ ಹುಳಗಳನ್ನೇ ನೋಡುತ್ತಿದ್ದ. "ಹಂಗಾರ ಇದು ನಮ್ಮಪ್ಪಗ ಅತ್ತಿಲ್ಲೇನ್ರಿ?"

ಡಾಕ್ಟರು ಕೈ ತೊಳೆಯುವುದನ್ನು ನಿಲ್ಲಿಸಿದಳು. "ದನಕ್ಕ ದುಃಖ ಇಲ್ಲ ಅಂತ ನಾ ಹೇಳೂದಿಲ್ರಿ. ಮೇವು ಬಿಡ್ತಾವು, ದಾರಿ ಕಾಯ್ತಾವು. ಆದ್ರ ಈ ನೀರು ಹುಳದ್ದ್ರಿ." ಆಮೇಲೆ ದಪ್ಪ ಪುಸ್ತಕ ತೆರೆದು ಕೇಳಿದಳು, "ಮಾಲೀಕರ ಹೆಸರು?"

ಅಣ್ಣ ನಿನ್ನ ಹೆಸರು ಹೇಳಿದ.

"ಅವರ ಫೋನ್ ನಂಬರ್?"

ಐದು ಅಂಕಿ ಹೇಳಿದ. ಆರನೆಯದು ಬರಲಿಲ್ಲ. ಗೋದಲಿಯ ಕಟ್ಟೆಗೆ ಕುಸಿದು, ಬಾಯಿ ತೆರೆದು, ದನಿ ತೆಗೆದು ಅತ್ತ. ನಲವತ್ತು ದಾಟಿದ ಅಣ್ಣ ಅಳುವುದು ಹೇಗೆ ಕೇಳಿಸುತ್ತದೆ ಎಂದು ನನಗೆ ಗೊತ್ತೇ ಇರಲಿಲ್ಲ. ನಿನಗೆ ಗೊತ್ತಿತ್ತೇ? ಅವನ ಪಕ್ಕ ಕುಳಿತು ಊದಿದ ಕೈಯ ವಿಷಯ ಹೇಳಿಬಿಟ್ಟೆ. ಅವನು ಬೈಯಲಿಲ್ಲ. ನನ್ನ ಕೈ ಹಿಡಿದುಕೊಂಡ. ಆಮೇಲೆ ನನಗೂ ತಡೆಯಲಾಗಲಿಲ್ಲ.

ನಿನ್ನೆ ಹಾವೇರಿಯಿಂದ ಇಬ್ಬರು ಬೈಕಿನಲ್ಲಿ ಬಂದು ಬಾಗಿಲಲ್ಲೇ ಮೊಬೈಲು ತೆಗೆದರು. "ಅಳೂ ಹೋರಿ ಇದ ಮನಿಯಾಗ ಐತೇನ್ರಿ?" ಕಟ್ಟೆಯ ಮೇಲೆ ಕುಳಿತಿದ್ದ ಅಣ್ಣ ಏಳಲಿಲ್ಲ. "ಹೋರಿ ಅತ್ತಿಲ್ರಿ, ಅದಕ್ಕ ಕಣ್ಣಾಗ ಹುಳಾ ಇತ್ತು. ಅತ್ತಾಂವ ನಾನು. ಬೇಕಾದ್ರ ನಂದ ಫೋಟೋ ಹೊಡ್ಕೋರಿ," ಎಂದ.

ಅವರು ಒಬ್ಬರನ್ನೊಬ್ಬರು ನೋಡಿದರು. ಹೋಗಿಬಿಡುತ್ತಾರೆ ಎಂದುಕೊಂಡೆ. ಮೊಬೈಲು ಕಿಸೆಗೆ ಹಾಕಿ, ಚಪ್ಪಲಿ ಬಿಟ್ಟು, ಅಣ್ಣನ ಪಕ್ಕ ಕುಳಿತರು. ಅವರಲ್ಲಿ ಹಿರಿಯವನು, "ನಿಮ್ಮಪ್ಪಾರು ಹೆಂಗಿದ್ರಿ?" ಎಂದು ಕೇಳಿದ. ಅಣ್ಣ ಹೇಳಲು ಶುರುಮಾಡಿದ.

ನಿನ್ನ
ಶಾಂತಾ