ಗೆರೆ ಹಾಕದೆ ಕತ್ತರಿಸಿದ ಕೋಟು

ಭಾನುವಾರ ಬೆಳಿಗ್ಗೆ,
ಕಿಟಕಿ ಪಕ್ಕದ ಕುರ್ಚಿಯಿಂದ

ನನ್ನ ಮುದ್ದು ಓರಗಿತ್ತಿಗೆ,

ಅಕ್ಷರ ಸೊಟ್ಟಗಿದೆ ಎಂದು ಗಾಬರಿಯಾಗಬೇಡ. ಕೈ ಇನ್ನೂ ನಡುಗುತ್ತದೆ. ಆದರೂ ನಾನೇ ಬರೆಯುತ್ತೇನೆಂದು ಹಟ ಹಿಡಿದು ಕೂತಿದ್ದೇನೆ. ನಿನ್ನ ಭಾವನ ಕೈಗೆ ಪೆನ್ನು ಕೊಟ್ಟರೆ ನಾನು ಹೇಳಿದ್ದರಲ್ಲಿ ಅರ್ಧ ನುಂಗಿಬಿಡುತ್ತಾರೆ.

ಆಸ್ಪತ್ರೆಯಿಂದ ಬಂದ ಮೇಲೆ ಎಲ್ಲರೂ ನೋಡಿಕೊಂಡು ಹೋದರು, ನೀನೊಬ್ಬಳು ಬರಲಿಲ್ಲ. ಮೈದುನನನ್ನು ಕೇಳಿದರೆ ಮಾತು ಹಾರಿಸಿದ. ಗದರಿಸಿದ ಮೇಲೆ ಬಾಯಿಬಿಟ್ಟ. ನಿನ್ನ ಜೊತೆ ಜಗಳವಾಡಿಯೇ ನನ್ನ ಎದೆ ನಿಂತುಹೋಯಿತು, ಇನ್ನು ನಮ್ಮ ಹೊಲಿಗೆ ಅಂಗಡಿಯ ಮೆಟ್ಟಿಲು ತುಳಿಯಲ್ಲ ಎಂದು ಅಳುತ್ತಿದ್ದೀಯಂತೆ. ಅಯ್ಯೋ ಹುಚ್ಚಿ! ಜಗಳದಿಂದ ಎದೆ ನಿಲ್ಲುವುದಾಗಿದ್ದರೆ ನಾವಿಬ್ಬರೂ ಅಂಗಡಿ ತೆರೆದ ವಾರವೇ ಹೋಗಿಬಿಡುತ್ತಿದ್ದೆವು.

ಡಾಕ್ಟರನ್ನೇ ಕೇಳಿದೆ. ನನ್ನ ಎದೆಬಡಿತದಲ್ಲಿ ಹುಟ್ಟಿನಿಂದಲೇ ಒಂದು ದೋಷವಿತ್ತಂತೆ. ಒಬ್ಬಳೇ ಇದ್ದಾಗ ಬಿದ್ದಿದ್ದರೆ ಕಥೆ ಮುಗಿಯುತ್ತಿತ್ತು, ಆಕೆ ತಡಮಾಡದೆ ಎದೆ ಒತ್ತಿದ್ದರಿಂದ ಮೆದುಳಿಗೆ ರಕ್ತ ಹೋಗುತ್ತಲೇ ಇತ್ತು, ಅದಕ್ಕೇ ನೀವಿಷ್ಟು ಮಾತಾಡುತ್ತಿದ್ದೀರಿ ಎಂದರು. ಆ 'ಆಕೆ' ನೀನೇ ಕಣೇ.

ಆ ದಿನದ್ದು ನನಗೆ ಒಂದೂ ನೆನಪಿಲ್ಲ, ಮುಂದೆ ಬರುವುದೂ ಅನುಮಾನವಂತೆ. ಪಕ್ಕದ ಔಷಧಿ ಅಂಗಡಿಯವರು ಹೇಳಿದ್ದಷ್ಟೇ ಗೊತ್ತು. ಚಾಕ್‌ನಲ್ಲಿ ಗೆರೆ ಹಾಕದೆ ಗಿರಾಕಿಯ ಬಟ್ಟೆಗೆ ಕತ್ತರಿ ಹಾಕಿದೆಯೆಂದು ನಿನ್ನ ಮೇಲೆ ಹಾರಾಡುತ್ತಿದ್ದವಳು ಹಾಗೇ ಕುಸಿದೆನಂತೆ. ಅವರು ಶಾಕ್ ಕೊಡುವ ಯಂತ್ರ ತಂದೊಡನೆ ನೀನು ನನ್ನ ಹೊಸ ಕೋಟನ್ನು ಕುತ್ತಿಗೆಯಿಂದ ಸೊಂಟದವರೆಗೆ ಒಂದೇ ಏಟಿಗೆ ಕತ್ತರಿಸಿದೆಯಂತೆ. ಗೆರೆಯೂ ಇಲ್ಲ, ಅಳತೆಯೂ ಇಲ್ಲ! ಆ ಕೋಟನ್ನು ಮಡಿಲಲ್ಲಿಟ್ಟುಕೊಂಡು ನಿನ್ನೆ ಚೆನ್ನಾಗಿ ಅತ್ತೆ. ಇಷ್ಟು ನೇರವಾಗಿ ನಾನೂ ಕತ್ತರಿಸಲಾರೆ.

ಈಗ ಹೇಗಿದ್ದೀಯ ಎನ್ನುತ್ತೀಯಾ? ಎದೆ ಒತ್ತುವಾಗ ನೀನು ಮುರಿದ ಪಕ್ಕೆಲುಬು ಕೂಡಿಕೊಳ್ಳುತ್ತಿದೆ, ನಕ್ಕರೆ ಪ್ರಾಣ ಹೋಗುತ್ತದೆ. ಹೆಗಲ ಕೆಳಗೆ ಚರ್ಮದೊಳಗೆ ಒಂದು ಪುಟ್ಟ ಯಂತ್ರ ಇಟ್ಟಿದ್ದಾರೆ, ಬಡಿತ ತಪ್ಪಿದರೆ ಅದೇ ಒಳಗಿನಿಂದ ಗುದ್ದುತ್ತದಂತೆ. ಸ್ನಾನ ಮಾಡಿದರೆ ಸಾಕು, ಸುಸ್ತು. ಮಾತು ನಡುವೆ ಕೈಕೊಡುತ್ತದೆ, ಮೊನ್ನೆ ಕತ್ತರಿಗೆ ಬಾಚಣಿಗೆ ಎಂದೆ. ಇದೆಲ್ಲ ತಿಂಗಳುಗಳಲ್ಲಿ ಸುಧಾರಿಸುತ್ತದೆ, ಹೊಲಿಗೆ ಯಂತ್ರದ ಮುಂದೆ ಖಂಡಿತ ಕೂರುತ್ತೀರಿ, ಆದರೆ ಬಟ್ಟೆ ಕತ್ತರಿಸುವ ಕೈ ಮೊದಲಿನಂತಾಗುತ್ತದೋ ಇಲ್ಲವೋ ಈಗಲೇ ಹೇಳಲಾಗದು ಎಂದರು ಡಾಕ್ಟರು. ಕೇಳಿ ಅವರ ಮೇಲೇ ರೇಗಿಬಿಟ್ಟೆ. ಸುಳ್ಳು ಯಾಕೆ ಹೇಳಲಿ.

ಅದಕ್ಕೇ ಅಂಗಡಿಯ ಬೀಗದ ಕೈ ಇದರ ಜೊತೆ ಕಳಿಸಿದ್ದೇನೆ. ಇನ್ನು ಕತ್ತರಿ ನಿನ್ನದು. ಗೆರೆ ಹಾಕುತ್ತೀಯೋ ಬಿಡುತ್ತೀಯೋ, ನಿನ್ನಿಷ್ಟ. ಬಾಗಿಲು ತೆಗೆ, ನಾನು ನಿಧಾನವಾಗಿ ಬರುತ್ತೇನೆ. ಈ ಬೆಳಗಿನ ಬಿಸಿಲು, ಈ ಕುರ್ಚಿ, ನಿನ್ನ ಭಾವನ ಗೊಣಗಾಟ, ಎಲ್ಲವೂ ನೀನು ಕೊಟ್ಟದ್ದು.

ನಿನ್ನ ಕೈಯಿಂದ ಬದುಕಿದ,
ಅಕ್ಕ

ತಾ.ಕ.: ಎದೆ ಒತ್ತುತ್ತಾ ನೀನು ಏನೆಂದು ಕೂಗಿದೆ ಎಂದು ಔಷಧಿ ಅಂಗಡಿಯವರು ಹೇಳಿದರು. "ಏಳಕ್ಕಾ, ನೀನಿನ್ನೂ ಬೈದು ಮುಗಿಸಿಲ್ಲ." ಎದ್ದಿದ್ದೇನೆ ಕಣೇ. ಉಳಿದದ್ದನ್ನು ಬೈಸಿಕೊಂಡು ಹೋಗು, ಬಾ.