ಬಿಳಿ ಟೇಪಿನ ಮೇಲಿನ ಅಂಕಿ

ಏಪ್ರಿಲ್ 5, ಭಾನುವಾರ. ವಿನಿಪೆಗ್.

ನನ್ನ ಇಪ್ಪತ್ತು ವರ್ಷದ ಐಸ್ ಹಾಕಿ ಇವತ್ತಿಗೆ ಮುಗಿಯಿತು, 499 ಗೋಲಿಗೆ. ಮೊಣಕಾಲು ಬಾತುಕೊಂಡಿದೆ. ಕೊರೆಯುತ್ತಿರುವುದು ಅದ್ಯಾವುದೂ ಅಲ್ಲ.

ಎರಡನೇ ಅವಧಿಯಲ್ಲಿ ನಾನು ಹೊಡೆದ ಪಕ್, ಆ ಕಪ್ಪು ರಬ್ಬರ್ ಬಿಲ್ಲೆ, ಬಲೆಗೆ ಬಿತ್ತು. ಐನೂರನೆಯದು ಎಂದು ತಂಡವೆಲ್ಲ ಬೆಂಚು ಹಾರಿ ಬಂದು ನನ್ನನ್ನು ಕೆಡವಿತು. ಸಾಮಾನು ನೋಡಿಕೊಳ್ಳುವ ಓರ್ವಿಲ್ ನೆನಪಿಗೆ ಎತ್ತಿಡುವ ವಾಡಿಕೆಯಂತೆ ಆ ಪಕ್‌ಗೆ ಬಿಳಿ ಟೇಪು ಸುತ್ತಿ 500 ಎಂದು ಬರೆದ.

ಆದರೆ ಪಕ್ ದಾರಿಯಲ್ಲಿ ತುಸು ಓರೆಯಾದದ್ದನ್ನು ಕಂಡಿದ್ದೆ; ನಮ್ಮವರಲ್ಲಿ ಕೊನೆಗೆ ಯಾರ ಕೋಲಿಗೆ ತಾಗಿತೋ ಗೋಲು ಅವನದೇ. ಅಲ್ಲಿ ನಿಂತಿದ್ದವನು ನಮ್ಮದೇ ತಂಡದ ಲೈಲ್. ವಯಸ್ಸು ಮೂವತ್ತೊಂದು, ಈ ಲೀಗಿನಲ್ಲಿ ಅರವತ್ತನಾಲ್ಕು ಪಂದ್ಯ, ಒಂದೂ ಗೋಲಿಲ್ಲ.

ವಿರಾಮದಲ್ಲಿ ಕೇಳಿದೆ: "ನಿನ್ನ ಕೋಲಿಗೆ ತಾಗ್ತೇನೋ?"

"ಇಲ್ಲ ಕ್ಯಾಪ್ಟನ್, ನೆಟ್ಟಗೆ ಹೋಯ್ತು." ಬಿಗಿಯಾಗಿಯೇ ಇದ್ದ ಬೂಟಿನ ದಾರ ಬಿಚ್ಚಿ ಮತ್ತೆ ಕಟ್ಟುತ್ತಿದ್ದ.

"ಗೋಲು ಹೊಡೆಯೋಕಂತೂ ಬರಲ್ಲ, ಸುಳ್ಳು ಹೇಳೋಕೂ ಬರಲ್ವಲ್ಲೋ ನಿಂಗೆ!"

"ನಿಮಗೆ ಇವತ್ತೊಂದೇ ದಿನ. ನನಗೆ ಮುಂದಿನ ವರ್ಷ ಇದೆ, ಬಿಡಿ."

ನಾನೇ ಹೋಗಿ ಸ್ಕೋರು ಬರೆಯುವವರಿಗೆ ಹೇಳಿದೆ. ವೀಡಿಯೊ ನೋಡಿ ತಿದ್ದಿದರು. ಮೂರನೇ ಅವಧಿಯಲ್ಲಿ ಆರು ಸಲ ಹೊಡೆದೆ, ಒಂದೂ ಒಳಗೆ ಹೋಗಲಿಲ್ಲ.

ಓರ್ವಿಲ್ ಗೊಣಗುತ್ತಲೇ ಹಳೆಯ ಟೇಪು ಕಿತ್ತು ಹೊಸದು ಸುತ್ತಿದ. ಅದರ ಮೇಲೆ 1 ಎಂದು ಬರೆದು ಲೈಲ್ ಕೈಗಿಟ್ಟೆ. ಅವನು ಅದನ್ನು ತಿರುಗಿಸಿ ತಿರುಗಿಸಿ ನೋಡಿದ.

"ಮುಂದಿನ ವರ್ಷ ಇದರ ಪಕ್ಕದಲ್ಲೇ ಎರಡನೇದನ್ನೂ ಇಡ್ತೀನಿ, ನೋಡ್ತಿರಿ."

ಅವನನ್ನು ತಂಡದಿಂದ ಕೈಬಿಡುವುದಾಗಿ ಮ್ಯಾನೇಜರ್ ಬೆಳಿಗ್ಗೆಯೇ ನನ್ನ ಕಿವಿಗೆ ಹಾಕಿದ್ದ. ಅವನಿಗೆ ನಾಳೆ ಹೇಳುತ್ತಾರಂತೆ.

"ಇಡಪ್ಪ, ಜಾಗ ಮಾಡ್ಕೊಂಡಿರು" ಅಂದೆ.

ನನಗೆ ಸುಳ್ಳು ಹೇಳಲು ಬರುತ್ತದೆ.